ಟೀವಿಯಲ್ಲಿ ಬರುವ ಯಜಮಾನರು

ನಲವತ್ತು ವರ್ಷ ಸಿನಿಮಾ, ಧಾರಾವಾಹಿ ಎಂದು ಮುಖಕ್ಕೆ ಬಣ್ಣ ಹಚ್ಚಿದ ವಾಮನರಾಯರಿಗೆ ಈಚೆಗೆ ಸಂಭಾಷಣೆ ನೆನಪಿನಲ್ಲಿ ನಿಲ್ಲುತ್ತಿರಲಿಲ್ಲ.

"ಸಾರ್, ಮುಂದಿನ ವಾರ ನಿಮ್ಮ ಪಾತ್ರ ಸಾಯುತ್ತೆ. ಬೇಜಾರು ಮಾಡ್ಕೋಬೇಡಿ," ಎಂದ ನಿರ್ದೇಶಕ.

ರಾಯರು ಅವನ ಕೈ ಹಿಡಿದುಕೊಂಡರು. "ನನ್ನನ್ನ ತೆಗೆದುಹಾಕಪ್ಪಾ, ಪಾತ್ರಾನ ಮಾತ್ರ ಸಾಯಿಸ್ಬೇಡ. ನನ್ನ ಹೆಂಡತಿಗೆ ಮರೆವಿನ ಕಾಯಿಲೆ. ಮನೇಲಿರೋ ನಾನು ಅವಳ ಪಾಲಿಗೆ ಯಾರೋ ಅಡುಗೆ ಭಟ್ಟ. ಟೀವೀಲಿ ಬರೋನೇ ಅವಳ ಗಂಡ. ಅವನು ಸತ್ತರೆ ಅವಳೂ ಉಳಿಯಲ್ಲ."

ನಿರ್ದೇಶಕ ಕರಗಿದ. ಪಾತ್ರಕ್ಕೆ ಅಪಘಾತವಾಯಿತು, ಮುಖಕ್ಕೆ ಆಪರೇಷನ್ ಆಯಿತು. ಬ್ಯಾಂಡೇಜು ಬಿಚ್ಚಿದಾಗ ಬೇರೊಬ್ಬ ನಟ ಕಣ್ಣು ಬಿಟ್ಟ.

ಹೆಂಡತಿ ಟೀವಿಯ ಮುಂದೆ ಎವೆಯಿಕ್ಕದೆ ಕೂತಿದ್ದಳು. ರಾಯರು ಉಸಿರು ಬಿಗಿಹಿಡಿದು ಅವಳ ಮುಖವನ್ನೇ ನೋಡುತ್ತಿದ್ದರು.

"ಮುಖ ಬದಲಾದರೇನಂತೆ, ಜೀವ ಉಳೀತಲ್ಲ ನಮ್ಮನೆಯವರದ್ದು!" ಎಂದು ಆಕೆ ಸೆರಗಿನಿಂದ ಕಣ್ಣೊರೆಸಿಕೊಂಡಳು.

ರಾಯರ ಎದೆ ಹಗುರಾಯಿತು. ಮೊಸರನ್ನ ಕಲಸಿ ತಟ್ಟೆ ತಂದು ಮುಂದಿಟ್ಟರು.

ಆಕೆ ತಟ್ಟೆಯನ್ನು ಪಕ್ಕಕ್ಕೆ ಸರಿಸಿ ಎರಡೂ ಕೈ ಮುಗಿದಳು. "ಇಷ್ಟು ದಿನ ಚೆನ್ನಾಗಿ ನೋಡ್ಕೊಂಡ್ರಿ ಭಟ್ರೇ, ನಿಮಗೆ ಪುಣ್ಯ ಬರಲಿ. ನಮ್ಮನೆಯವರು ಆಸ್ಪತ್ರೆಯಿಂದ ಬರ್ತಿದಾರೆ, ಇನ್ನು ನಾನೇ ಬೇಯಿಸಿ ಹಾಕ್ತೀನಿ. ನೀವು ಹೊರಡಿ."