ಬೆರಳದ್ದಿದ ಚಹಾ

"ಸುಮ್ನೆ ಸಕ್ಕರೆ ಯಾಕೆ ದಂಡ ಮಾಡ್ತೀಯಾ? ನಿನ್ನ ಬೆರಳು ಒಂದ್ಸಲ ಅದ್ದು, ಸಾಕು," ಎಂದು ಪೇಂಟರ್ ಹಬೆಯಾಡುವ ಚಹಾದ ಲೋಟವನ್ನು ಹೆಂಡತಿಯ ಮುಂದೆ ಹಿಡಿದ.

ನೀರಿನ ಟ್ಯಾಂಕಿನೊಳಗೆ ಬಣ್ಣ ಬಳಿಯುವಾಗ ಉಸಿರುಗಟ್ಟಿ ಬಿದ್ದವನು ಅವನು. ಮೆದುಳಿಗೆ ಆಮ್ಲಜನಕ ಸಿಗದೆ ಹೋದ ಆ ಕೆಲವು ನಿಮಿಷಗಳ ನಂತರ, ಇವತ್ತು ನಡೆದದ್ದು ನಾಳೆಗೆ ಅವನ ತಲೆಯಲ್ಲಿ ನಿಲ್ಲುತ್ತಿರಲಿಲ್ಲ. ಎಂಟು ತಿಂಗಳಿಂದ ದಿನಾ ಬೆಳಿಗ್ಗೆ ಇದೇ ತಮಾಷೆ, ಅವನಿಗೆ ದಿನಾ ಹೊಸದು. ಅವಳೂ ಮೊದಲ ಸಲ ಕೇಳಿದವಳಂತೆ ನಾಚಿ, "ಥೂ, ಮಗಳು ಕೇಳಿಸ್ಕೋತಾಳೆ ಕಣ್ರೀ!" ಎಂದು ಗದರಿ ಬೆರಳದ್ದುತ್ತಿದ್ದಳು.

ಇವತ್ತೂ ಗದರಿದಳು, ಬೆರಳು ಚಾಚಿದಳು. ಅವನು ಲೋಟವನ್ನು ಸರಕ್ಕನೆ ಹಿಂದಕ್ಕೆಳೆದುಕೊಂಡ.

"ತಡಿಯೇ, ಆರಲಿ. ನಿನ್ನೆ ಬೆರಳು ಸುಟ್ಕೊಂಡು ಅಡುಗೆಮನೆ ತುಂಬಾ ಕುಣಿದಾಡಿದ್ದು ಮರ್ತೇಹೋಯ್ತಾ ನಿಂಗೆ?"