ಬೂದಿ ಬಣ್ಣದ ನೀರು

"ಮೊದಲು ಬೀರುವಿನ ಬೀಗ ತೆಗೀರಿ. ಆಮೇಲೆ ಸಹಿ," ಎಂದಳು ಮಗಳು.

ನಗರಸಭೆಯ ಗುಮಾಸ್ತ ಕಾಗದ ಹಿಡಿದು ಬಾಗಿಲಲ್ಲೇ ನಿಂತಿದ್ದ. ಹದಿನೈದು ದಿನದ ಹಿಂದೆ ತೀರಿಕೊಂಡ ವಿಜ್ಞಾನಿಯ ಹೆಸರನ್ನು ಪ್ರಯೋಗಶಾಲೆಯ ಹಣೆಯಿಂದ ಅಳಿಸಬೇಕು, ಟಿಪ್ಪಣಿಗಳನ್ನೆಲ್ಲ ಸುಡಬೇಕು. ಅದಕ್ಕೆ ಒಬ್ಬಳೇ ಮಗಳ ಒಪ್ಪಿಗೆ ಬೇಕಿತ್ತು. ಅವಳು ಒಲ್ಲೆನೆಂದರೆ ತಾಯಿಯ ಹೆಸರೂ ಉಳಿಯುತ್ತಿತ್ತು, ವಿದ್ಯೆಯೂ ಉಳಿಯುತ್ತಿತ್ತು.

"ಬೀರು ಯಾಕಮ್ಮ ಈಗ? ಸಹಿ ಹಾಕಿ ಹೊರಟುಬಿಡಿ. ಡಾಕ್ಟರಮ್ಮನ ಆಸೆನೂ ಅದೇ ಇತ್ತು," ಎಂದ ಮುದಿ ಸಹಾಯಕ. ಮೂವತ್ತು ವರ್ಷ ಆಕೆಯ ಜೊತೆ ದುಡಿದವನು. ಅವನು ಅಡ್ಡ ಬಂದಷ್ಟೂ ಮಗಳ ಅನುಮಾನ ಗಟ್ಟಿಯಾಯಿತು.

ಊರೆಲ್ಲ ಡಾಕ್ಟರಮ್ಮ ಎನ್ನುತ್ತಿದ್ದ ಆಕೆ, ಎದೆಯೊಳಗಿನ ದುಃಖವನ್ನು ಗಾಜಿನ ಕೊಳವೆಯಲ್ಲಿ ನೀರಾಗಿ ಇಳಿಸುವುದನ್ನು ಕಂಡುಹಿಡಿದಿದ್ದಳು. ಬೂದಿ ಬಣ್ಣದ ಒಂದು ಲೋಟ ನೀರು. ಅದರ ಜೊತೆ ಸತ್ತವರ ನೆನಪೂ ಇಳಿದುಹೋಗುತ್ತಿತ್ತು. ಗಂಡನನ್ನು ಕಳೆದುಕೊಂಡವಳು ಹಗುರಾಗಿ ಎದ್ದು ಕೂತು, ಗೋಡೆಯ ಮೇಲಿನ ಫೋಟೋ ತೋರಿಸಿ, ಯಾರಿವರು ಎಂದು ಕೇಳುತ್ತಿದ್ದಳು. ಇಷ್ಟನ್ನು ಊರು ಹೇಗೋ ಸಹಿಸಿಕೊಳ್ಳುತ್ತಿತ್ತೇನೋ. ಆದರೆ ಆ ನೀರನ್ನು ಚೆಲ್ಲುವಂತಿರಲಿಲ್ಲ. ಚೆಲ್ಲಿದರೆ ದುಃಖ ಬಂದ ದಾರಿಯಲ್ಲೇ ವಾಪಸು ಹೋಗುತ್ತಿತ್ತು. ಯಾರಾದರೂ ಕುಡಿಯಲೇಬೇಕು, ಕುಡಿದವರು ಆ ಸಾವಿಗಾಗಿ ಜೀವಮಾನವಿಡೀ ಅಳಬೇಕು. ಯಾವ ಬಡಪಾಯಿಗಳಿಗೆ ಕುಡಿಸಿದಳೋ ಎಂದು ಜನ ಬೀದಿಗಿಳಿದರು, ಕಿಟಕಿಗಳಿಗೆ ಕಲ್ಲು ತೂರಿದರು. ಕುಡಿದವರು ಯಾರೆಂದು ಡಾಕ್ಟರಮ್ಮ ಕೊನೆಗೂ ಬಾಯಿಬಿಡಲಿಲ್ಲ.

ಊರಿನ ಸಿಟ್ಟು ಕಟ್ಟಿಕೊಂಡು ಮಗಳಿಗೇನಾಗಬೇಕು? ಅವಳದೇ ಒಂದು ಹೊರೆ ಇತ್ತು. ಒಂಬತ್ತು ವರ್ಷದಿಂದ ತಾಯಿ ಅವಳನ್ನು ಹತ್ತಿರ ಸೇರಿಸಿರಲಿಲ್ಲ. ಮಗಳ ಮುಖ ಕಂಡರೆ ಸಾಕು, ಕಣ್ಣು ತುಂಬಿಕೊಂಡು ಒಳಗೆ ಹೋಗಿ ಚಿಲಕ ಹಾಕಿಕೊಳ್ಳುತ್ತಿದ್ದಳು. ಆಗಲೇ ಮಗಳನ್ನು ಅವಳ ಗಂಡನೂ ಬಿಟ್ಟುಹೋಗಿದ್ದ. "ನೀನು ಹೀಗೆ ನಗ್ತಾ ಇರೋದನ್ನ ನನ್ನ ಕೈಲಿ ನೋಡೋಕಾಗಲ್ಲ" ಎಂದಿದ್ದ, ಅಷ್ಟೆ. ಹೆಂಡತಿ ನಗುವುದೂ ಒಂದು ತಪ್ಪೇ? ಅವಳು ಹೊಲಿಗೆ ಯಂತ್ರದ ಮುಂದೆ ಕೂತು, ಊರಿನವರ ಬಟ್ಟೆ ಹೊಲಿಯುತ್ತ ಒಂಟಿಯಾಗಿ ದಿನ ನೂಕಿದಳು.

ಕೊನೆಯ ದಿನ ಆಸ್ಪತ್ರೆಯಲ್ಲಿ ತಾಯಿ "ಪುಟ್ಟೀ, ಪುಟ್ಟೀ" ಎಂದು ಬಿಕ್ಕಿ ಬಿಕ್ಕಿ ಅತ್ತಿದ್ದಳು. ಮಗಳು ಓಡಿಹೋಗಿ ಕೈ ಹಿಡಿದಳು. ತಾಯಿ ಮೆಲ್ಲಗೆ ಬಿಡಿಸಿಕೊಂಡಳು. "ನೀನಲ್ಲ ಕಣೇ."

ಆ ಎರಡು ಮಾತು ಅವಳ ಕರುಳು ಕೊಯ್ದಿದ್ದವು. ಹಾಗಾದರೆ ಯಾರು? ಅದು ಗೊತ್ತಾಗದೆ ಅವಳು ಸಹಿ ಹಾಕುವವಳಲ್ಲ.

ಸಹಾಯಕ ಕೊನೆಗೂ ಬೀಗ ತೆಗೆದ. ಒಳಗೆ ಪುಟ್ಟ ಚಪ್ಪಲಿ, ಒಂದು ಹಳದಿ ಫ್ರಾಕು, ಹಲ್ಲು ಬಿದ್ದ ಬಾಯಿ ತೆರೆದು ನಗುವ ಹುಡುಗಿಯ ಫೋಟೋ. ಅಮ್ಮ ಹೆತ್ತಳೋ, ತಂದು ಸಾಕಿದಳೋ, ಗುಟ್ಟಾಗಿ ಇನ್ನೊಬ್ಬಳಂತೂ ಇದ್ದಳು.

"ಈ ಮಗು ಈಗೆಲ್ಲಿ?"

"ಇಲ್ಲಮ್ಮ. ಜ್ವರ ಬಂತು. ಮೂರೇ ದಿನ."

"ಅಮ್ಮ ಅಳ್ತಿದ್ದದ್ದು ಇವಳಿಗೋಸ್ಕರಾನಾ?"

"ದಿನಾ."

"ನನಗೋಸ್ಕರ ಒಂದು ಹನಿನಾದ್ರೂ ಅತ್ತಳಾ?"

ಸಹಾಯಕ ನೆಲ ನೋಡಿದ. "ಡಾಕ್ಟರಮ್ಮನಿಗೆ ಮಾತು ಕೊಟ್ಟಿದ್ದೀನಿ. ಕೇಳಬೇಡಿ."

ಅವಳಿಗೆ ಅಷ್ಟು ಸಾಕಾಯಿತು. ಕಾಗದ ಕಿತ್ತುಕೊಂಡು ಸಹಿ ಗೀಚಿದಳು. ಗುಮಾಸ್ತ ಅದನ್ನು ಮಡಚಿ ಜೇಬಿಗಿಟ್ಟುಕೊಂಡು ಮೆಟ್ಟಿಲಿಳಿದ. ಸ್ವಲ್ಪ ಹೊತ್ತಿಗೆಲ್ಲ ಅಂಗಳದಲ್ಲಿ ಟಿಪ್ಪಣಿಗಳು ಉರಿಯುವ ವಾಸನೆ ಬಂತು.

ಫ್ರಾಕು ಅವಳ ಕೈಯಲ್ಲೇ ಉಳಿದಿತ್ತು. ಬಟ್ಟೆ ಸಿಕ್ಕರೆ ಒಳಮಗ್ಗುಲು ತಿರುವಿ ನೋಡುವುದು ಹೊಲಿಯುವವರ ಚಾಳಿ. ತಿರುವಿದಳು. ಅಂಚನ್ನು ಕೈಯಲ್ಲೇ ಹೊಲಿದಿತ್ತು. ಮಗು ಬೆಳೆದ ಹಾಗೆ ಬಿಚ್ಚಿ ಉದ್ದ ಮಾಡಲೆಂದು ನಾಲ್ಕು ಬೆರಳು ಬಟ್ಟೆ ಒಳಗೆ ಮಡಿಸಿಟ್ಟಿತ್ತು. ಎಳೆಗಳೆಲ್ಲ ಬಲದಿಂದ ಎಡಕ್ಕಲ್ಲ, ಎಡದಿಂದ ಬಲಕ್ಕೆ ಓಡಿದ್ದವು. ಎಡಗೈಯವರ ಹೊಲಿಗೆ. ಆ ಊರಿನಲ್ಲಿ ಎಡಗೈಯಲ್ಲಿ ಸೂಜಿ ಹಿಡಿಯುವವಳು ಒಬ್ಬಳೇ.

ಅವಳು ತನ್ನ ಎಡಗೈ ನೋಡಿಕೊಂಡಳು. ಫೋಟೋದ ಮುಖವನ್ನು ಮತ್ತೆ ಮತ್ತೆ ನೋಡಿದಳು. ಏನೇನೂ ನೆನಪಾಗಲಿಲ್ಲ.

"ಇದನ್ನ ನಾನು ಯಾರಿಗೆ ಹೊಲಿದೆ?"

"ಮಗು ನಿಮ್ದಮ್ಮ," ಎಂದ ಸಹಾಯಕ. "ಅಳು ಮಾತ್ರ ಡಾಕ್ಟರಮ್ಮಂದು."