ಹಿಂದಕ್ಕೆ ನಡೆದ ದಂಡು

“ಒಬ್ಬನಾದ್ರೂ ಒಂದ್ಸಲ ಹಿಂದೆ ತಿರುಗಿ ನೋಡಬಾರದಿತ್ತೇ?”

ಪಿಯಾನೋದ ಮುಂದೆ ಕೂತಿದ್ದ ತಾಬಿತಾ ಕ್ಲೆಗ್ ಯಾರನ್ನೂ ಕೇಳಿದ್ದಲ್ಲ. ಮಧ್ಯಾಹ್ನದ ಹೊತ್ತು, ಚಿತ್ರಮಂದಿರ ಖಾಲಿ. ಪರದೆಯ ಮೇಲೆ ಇಂಗ್ಲೆಂಡಿನ ಲ್ಯಾಂಕಶೈರ್ ಸೀಮೆಯ ಆ ಊರಿನಿಂದ ಸೇನೆ ಸೇರಿದ ಗಿರಣಿ ಹುಡುಗರ ದಂಡು ಸದ್ದಿಲ್ಲದೆ ರೈಲಿನ ಕಡೆ ನಡೆದಿತ್ತು. ಕೊನೆಯ ಸಾಲಿನ ಅಂಚಿನಲ್ಲಿ ಅವಳ ಮಗ ಸೈಲಸ್. ಜನ ತಮ್ಮವರನ್ನು ನೋಡಲಿಕ್ಕಾದರೂ ಬಂದಾರೆಂದು ಮಾಲೀಕ ಆರ್ಮರಾಡ್ ಕಳೆದ ವರ್ಷ ತೆಗೆಸಿದ ಚಿತ್ರ ಅದು. ಈ ಬೇಸಿಗೆಯಲ್ಲಿ ತುರ್ಕಿಯ ಗಲಿಪೊಲಿ ರಣರಂಗದಿಂದ ಸೈಲಸನ ಸಾವಿನ ಸುದ್ದಿ ಬಂತು, ಅವನು ಬರಲಿಲ್ಲ.

“ನೋಡೋದೇನು, ತಿರುಗಿ ಬಂದೇ ಬಿಡ್ಲಿ,” ಎಂದ ಈನಾಕ್ ಮುದುಕ, ಮೇಲಿನ ಕಿಂಡಿಯಿಂದ. ಚಿತ್ರದ ಯಂತ್ರದ ಹಿಡಿ ತಿರುಗಿಸುವವನು ಅವನು. “ಆ ನಗೆಚಿತ್ರದಲ್ಲಿ ಹೊಳೆಗೆ ಬಿದ್ದ ಪಾದ್ರೀನ, ಹಿಡಿ ಹಿಂದಕ್ಕೆ ತಿರುಗ್ಸಿ ವಾಪಸ್ ಸೇತುವೆ ಮೇಲೆ ಹಾರಿಸಿ ಊರನ್ನೇ ನಗಿಸ್ಲಿಲ್ವಾ ನಾನು? ನೋಡ್ತಿರು, ತಾಯಿ.”

ಚಿತ್ರದ ಕೊನೆಗೆ ಹೊರಟುಹೋಗಿದ್ದ ರೈಲು ತನ್ನ ಹೊಗೆಯನ್ನು ತಾನೇ ನುಂಗುತ್ತ ಹಿಂದಕ್ಕೆ ಬಂತು. ಹುಡುಗರು ಬೆನ್ನು ಮುಂದಾಗಿ ಇಳಿದರು. ನೆಲಕ್ಕೆ ಬಿದ್ದಿದ್ದ ಹೂಗಳು ಎದ್ದು ಹೆಂಗಸರ ಕೈ ಸೇರಿದವು. ನೀರೊಳಗೆ ನಡೆವವರಂತೆ ದಂಡು ಮೆಲ್ಲಗೆ ಮನೆಯ ಕಡೆ ಹೊರಟಿತು. ತಾಬಿತಾಳ ಬೆರಳುಗಳು ತಾವಾಗಿಯೇ ಸಂಜೆ ಪ್ರಾರ್ಥನೆಯ ಕೀರ್ತನೆಯೊಂದನ್ನು ಹಿಡಿದವು. ಹತ್ತಿರ, ಇನ್ನೂ ಹತ್ತಿರ ಬಂತು ಸೈಲಸನ ಹಿಂಗತ್ತು. ಹೊರಡುವ ಮುಂಜಾನೆ ಅವಳೇ ಕತ್ತರಿಸಿದ್ದ ಕೂದಲು, ಎಡಕ್ಕೆ ತುಸು ಓರೆ.

ಹೀಗೇ ಇನ್ನೆರಡು ಬೀದಿ ಬಂದರೆ ಇದೇ ಚಿತ್ರಮಂದಿರ, ಎರಡನೆಯ ಸಾಲಿನ ಆ ಕುರ್ಚಿ. ಸೇನೆಗೆ ಜನ ಸೇರಿಸುವ ಸಾರ್ಜೆಂಟ್ ವೇದಿಕೆಯಿಂದ ಕರೆದ ದಿನ, ಅವಳು ಬಾರಿಸಿದ ದಂಡಿನ ಹಾಡಿಗೆ ಎಲ್ಲರಿಗಿಂತ ಮೊದಲು ಎದ್ದು ನಿಂತವನು ಅವನು.

“ಏನ್ರೀ ಇದು ದೆವ್ವದಾಟ!” ಬಾಗಿಲಲ್ಲಿ ಆರ್ಮರಾಡ್ ನಿಂತಿದ್ದ. “ಈನಾಕ್, ನೆಟ್ಟಗೆ ಮುಂದಕ್ಕೆ ತಿರುಗ್ಸು. ಸಂಜೆ ಸಾರ್ಜೆಂಟ್ ಮತ್ತೆ ಬರ್ತಿದಾರೆ. ಮಿಸೆಸ್ ಕ್ಲೆಗ್, ಆ ದಂಡಿನ ಹಾಡು ಒಮ್ಮೆ ಬಾರ್ಸಿ ನೋಡೋಣ. ನಿಮ್ಮ ಕೈಯಲ್ಲಿ ಅದನ್ನ ಕೇಳಿದ್ರೆ ಕಲ್ಲೂ ಎದ್ದು ನಿಲ್ಲುತ್ತೆ!”

ಈನಾಕನ ಕೈ ನಿಂತಿತು. ಪರದೆ ಕತ್ತಲಾಯಿತು.

ತಾಬಿತಾ ಪಿಯಾನೋದ ಮುಚ್ಚಳ ಇಳಿಸಿ, ಅದರ ಮೇಲೆ ಎರಡೂ ಕೈ ಜೋಡಿಸಿಟ್ಟು, ಎರಡನೆಯ ಸಾಲಿನ ಕಡೆ ನೋಡಿದಳು.

“ಎದ್ದು ಹೋದವ್ನು ಈಗಷ್ಟೇ ಬಂದು ಕೂತಿದಾನೆ,” ಎಂದಳು. “ನಾನು ಬಾರ್ಸಲ್ಲ.”